ಮಾಲ್ಗುಡಿಯಂಥ ಸರಣಿ ನಮ್ಮ ಕಡೆ ಕಥೆಗಳಿಗೂ ಬೇಕು, ಏನಂತೀರಿ?

ತೊಗರಿ ಕಣಜ (ಕಲಬುರಗಿ):
ಈ ವಾರ ಮನೆಮಂದಿಯೆಲ್ಲ ಕೂತು ‘ಮಾಲ್ಗುಡಿ ಡೇಸ್’ ಮತ್ತೆ ನೋಡಿದೆವು. ಆರ್.ಕೆ. ನಾರಾಯಣ್ ಕಥೆಗಳನ್ನು ಶಂಕರ್ ನಾಗ್ 1986ರಲ್ಲಿ ದೂರದರ್ಶನಕ್ಕೆ ಮಾಡಿದ್ದು. ಹುಡುಗಿ ಮದುವೆ ನಿಲ್ಲಬಾರದು ಅಂತ ಅಂಚೆಯವನು ಸಾವಿನ ತಂತಿಯನ್ನೇ ಬಚ್ಚಿಡುವ ಕಥೆ ಬಂದಾಗ ನಮ್ಮವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು. ಅರ್ಧ ಗಂಟೆಯೂ ಇಲ್ಲ, ಅಷ್ಟರಲ್ಲೇ ಒಂದು ಬದುಕು. ನಮ್ಮ ಭಾಗದ ಕಥೆಗಳನ್ನೂ ಹೀಗೆ, ನಮ್ಮ ಮಾತಿನಲ್ಲೇ ಯಾರಾದರೂ ಮಾಡಬೇಕು.

ಬೀದರ ಓದುಗಿ:
ಅಣ್ಣಾ, ಆಸೆ ಸರಿ. ‘ನಮ್ಮ ಮಾತಿನಲ್ಲೇ’ ಅನ್ನೋದು ಮಾತ್ರ ಒಪ್ಪಲ್ಲ. ನಾರಾಯಣ್ ಬರೆದದ್ದು ಇಂಗ್ಲಿಷಿನಲ್ಲಿ. ಚಿತ್ರೀಕರಣ ಆಗುಂಬೆಯಲ್ಲಿ. ನಾವು ನೋಡಿದ್ದು ಹಿಂದಿಯಲ್ಲಿ. ಮಾಲ್ಗುಡಿ ಅನ್ನೋ ಊರೇ ಇಲ್ಲ. ಆದರೂ ಆ ಕಥೆಗಳ ಪುಟ್ಟ ಹುಡುಗ ಸ್ವಾಮಿ ನಮ್ಮ ಓಣಿಯವನೇ ಆಗಿಬಿಟ್ಟ. ಕಥೆ ಗಟ್ಟಿ ಇದ್ದರೆ ಭಾಷೆ ಯಾವುದಾದರೇನು?

ಯಾದಗಿರಿ ಮಾಸ್ತರ:
ಅಕ್ಕಾ, ಬೀದರಿನಲ್ಲಿ ಉರ್ದು, ಹಿಂದಿ ಚಿಕ್ಕಂದಿನಿಂದ ಕಿವಿಗೆ ಬಿದ್ದಿರುತ್ತೆ. ಅದಕ್ಕೇ ನಿಮಗೆ ಸಲೀಸು. ನಮ್ಮಜ್ಜಿಗೆ ಪಕ್ಕದಲ್ಲಿ ಕೂತು ನಾನೇ ಅರ್ಥ ಹೇಳಬೇಕಿತ್ತು. ಸ್ವಾಮಿ ಕತ್ತಲಲ್ಲಿ ದೆವ್ವ ಅಂದುಕೊಂಡು ಕಳ್ಳನ ಕಾಲು ಕಚ್ಚುತ್ತಾನಲ್ಲ, ನಾನು ಹೇಳಿ ಮುಗಿಸುವಷ್ಟರಲ್ಲಿ ಮುಂದಿನ ದೃಶ್ಯ ಬಂದಿತ್ತು. ಎಲ್ಲರೂ ನಕ್ಕು ಸುಮ್ಮನಾದ ಮೇಲೆ ಅಜ್ಜಿ ಒಬ್ಬಳೇ ನಕ್ಕಳು. ಅದು ಇವತ್ತಿಗೂ ನೆನಪಿದೆ.

ಇನ್ನೊಂದು ಮಾತು. ಬೆಂಗಳೂರಿಗೆ ಟಿವಿ ಬಂದದ್ದು 1981ರಲ್ಲಿ. 1975ರಲ್ಲೇ ಉಪಗ್ರಹದ ಪ್ರಯೋಗ ಅಂತ ಗುಲಬರ್ಗಾ, ರಾಯಚೂರು, ಬಿಜಾಪುರ ಜಿಲ್ಲೆಗಳ ಹಳ್ಳಿಗಳಿಗೆ ಟಿವಿ ಕೊಟ್ಟಿದ್ದರು. ಆಗ ಯಾದಗಿರಿಯೂ ಗುಲಬರ್ಗಾ ಜಿಲ್ಲೆಯೊಳಗೇ ಇತ್ತು. ಒಂದೇ ವರ್ಷ ನಡೆಯಿತು, ನಿಜ. ಆದರೆ ರಾಜ್ಯದಲ್ಲಿ ಮೊದಲು ಟಿವಿ ನೋಡಿದ ಹಳ್ಳಿಗಳು ನಮ್ಮವು. ಅಂಥ ಜನರ ಮಾತು ಈಗ ಟಿವಿಯಲ್ಲಿ ಜಾಸ್ತಿ ಕೇಳೋದು ನಗಿಸುವ ಪಾತ್ರಗಳ ಬಾಯಲ್ಲಿ. ದುಃಖ ಹೇಳಿಕೊಳ್ಳುವ ತಾಯಿಯೂ ನಮ್ಮ ಹಾಗೇ ಮಾತಾಡಲಿ.

ಫರಸಿ ಊರಿನವ (ಶಹಾಬಾದ):
ಮಾತಿನ ಜೊತೆ ಬಿಸಿಲೂ ಬೇಕು. ಆಗುಂಬೆಯ ಹಸಿರು ಚೆಂದವೇ. ನಮ್ಮಲ್ಲಿ ಏಪ್ರಿಲ್ ಮಧ್ಯಾಹ್ನ ಫರಸಿ ನೆಲಕ್ಕೆ ನೀರು ಚಿಮುಕಿಸಿ ಹುಡುಗರು ಬರಿಮೈಯಲ್ಲಿ ಅಂಗಾತ ಮಲಗುತ್ತಾರೆ. ಕಲ್ಲು ಆರಿದಂತೆ ಒದ್ದೆ ಇರುವ ಕಡೆಗೆ ಹೊರಳುತ್ತಾರೆ. ಇದು ಸೆಟ್ಟಿನಲ್ಲಿ ಬರಲ್ಲ.

ಬೀದರ ಓದುಗಿ:
ಮಾಸ್ತರ, ಅಜ್ಜಿ ವಿಷಯಕ್ಕೆ ನನ್ನ ಹತ್ರ ಉತ್ತರ ಇಲ್ಲ. ಒಪ್ಪಿದೆ. ಭಯ ಏನಂದರೆ, ವಾಹಿನಿಯವರು ಒಂದು ಸಣ್ಣಕಥೆ ಹಿಡಿದು ವರ್ಷಗಟ್ಟಲೆ ಎಳೆದುಬಿಟ್ಟರೆ? ಆ ಅಂಚೆಯವನ ಕಥೆಗೆ ಅತ್ತೆ–ಸೊಸೆ ಜಗಳ ಸೇರಿಸಿದರೆ ಏನು ಉಳಿಯುತ್ತೆ?

ತೊಗರಿ ಕಣಜ (ಕಲಬುರಗಿ):
ಅದಕ್ಕೇ ಒಂದು ಕಥೆಗೆ ಒಂದೇ ಕಂತು ಅಂತ ಮೊದಲೇ ಗಟ್ಟಿ ಮಾಡಿಕೊಳ್ಳಬೇಕು. ಶುರು ನಮ್ಮ ಗೀತಾ ನಾಗಭೂಷಣ ಅವರಿಂದ ಆಗಲಿ. ‘ಬದುಕು’ ಕಾದಂಬರಿಗೆ 2004ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು, ಆದರೆ ಅವರ ಸಣ್ಣಕಥೆಗಳನ್ನು ಓದಿದವರು ಕಡಿಮೆ. ಅವರ ಹೆಂಗಸರು ಮಾತಾಡೋದು ನಮ್ಮ ಓಣಿಯ ಕನ್ನಡವನ್ನೇ.

ಯಾದಗಿರಿ ಮಾಸ್ತರ:
ಸರಿ ಅಣ್ಣಾ. ಶನಿವಾರ ಒಂಬತ್ತನೇ ಕ್ಲಾಸಿನ ಮಕ್ಕಳ ಮುಂದೆ ಅವರದೊಂದು ಕಥೆ ಗಟ್ಟಿಯಾಗಿ ಓದುತ್ತೇನೆ. ಎಷ್ಟು ನಿಮಿಷ ಆಯ್ತು, ಎಲ್ಲಿ ಸುಮ್ಮನಾದರು, ಬಂದು ಹೇಳುತ್ತೇನೆ.