ಯಾರನ್ನು ಸೋಲಿಸಲಿ ಹೇಳಿ

2024ರ ಮೇ 4, ಶನಿವಾರ. ಟೆಕ್ಸಾಸ್‌ನ ಹ್ಯೂಸ್ಟನ್ ಸುತ್ತಮುತ್ತ ವಾರದಿಂದ ಮಳೆ. ಇಂಥ ದಿನ ಹಾಸನದ ಮನೆಯಲ್ಲಿ ಸೇರುವುದು ನಮ್ಮ ರೂಢಿ. ಹಾಸನ ಅಂದರೆ ಊರಲ್ಲ, ಮನುಷ್ಯ. ನಮ್ಮ ಗುಂಪಿನಲ್ಲಿ ಯಾರೂ ಯಾರನ್ನೂ ಹೆಸರು ಹಿಡಿದು ಕರೆಯುವುದಿಲ್ಲ. ಹಾಸನ, ಧಾರವಾಡ, ಪುತ್ತೂರು, ನಾನು ತುಮಕೂರು. ಹಾಸನದ ಹೆಂಡತಿ ಮಾತ್ರ ಎಲ್ಲರಿಗೂ ಅತ್ತಿಗೆ.

ಮೆಣಸಿನಕಾಯಿ ಬಜ್ಜಿ ಮೊದಲನೇ ತಟ್ಟೆ ಮುಗಿದಿತ್ತು. ಹಾಸನ ಒಳಗಿನಿಂದ ಒಂದು ಲಕೋಟೆಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಬಂದ, ಮದುವೆ ಪತ್ರಿಕೆ ಹಂಚಲು ಬಂದವನ ಹಾಗೆ. ಮುಖ ನೋಡಿದರೆ ಮಾತ್ರ ತಿಥಿ ಪತ್ರಿಕೆ.

"ಹೋದ ವರ್ಷ ಈ ಮನೆಗೆ 4 ಲಕ್ಷ 10 ಸಾವಿರ ಡಾಲರ್ ಅಂದಿದ್ದರು. ಈಗ 4 ಲಕ್ಷ 51 ಸಾವಿರವಂತೆ. ಹಿತ್ತಿಲ ಬೇಲಿ ಬಿದ್ದು ಎರಡು ತಿಂಗಳಾಯಿತು. ಬೇಲಿ ಬಿದ್ದಿದ್ದಕ್ಕೆ ಬೆಲೆ ಏರಿತಾ?"

"ಸರಿಯಾಗಿ ನೂರಕ್ಕೆ ಹತ್ತು ಏರಿಸಿದ್ದಾರೆ" ಅಂದರು ಪುತ್ತೂರು. ಅವರಿಗೆ ಲೆಕ್ಕ ಅಂದರೆ ಬಜ್ಜಿಗಿಂತ ಜಾಸ್ತಿ ರುಚಿ. "ವಾಸದ ಮನೆಗೆ ವರ್ಷಕ್ಕೆ ಹತ್ತಕ್ಕಿಂತ ಹೆಚ್ಚು ಏರಿಸುವ ಹಾಗಿಲ್ಲ ಮಾರಾಯ್ರೆ, ಕಾನೂನು ಉಂಟು. ಇಲ್ಲದಿದ್ದರೆ ಇನ್ನೂ ಏರಿಸ್ತಿದ್ರು."

ಇಲ್ಲಿ ಒಂದು ಮಾತು ಹೇಳಿಬಿಡಬೇಕು. ಟೆಕ್ಸಾಸ್‌ನಲ್ಲಿ ರಾಜ್ಯದ ಆದಾಯ ತೆರಿಗೆ ಇಲ್ಲ. ಹಾಗಂತ ಖುಷಿಪಟ್ಟು ಕ್ಯಾಲಿಫೋರ್ನಿಯಾ ಬಿಟ್ಟು ಬಂದವರೆಲ್ಲ ಏಪ್ರಿಲ್‌ನಲ್ಲಿ ಮನೆಯ ಬೆಲೆ ತಿಳಿಸುವ ಈ ಲಕೋಟೆ ಒಡೆದು ಸುಮ್ಮನೆ ಕೂರುತ್ತಾರೆ. ಆ ಬೆಲೆಯ ಮೇಲೇ ಕಂದಾಯದ ಲೆಕ್ಕ. ಆ ಕೈ ಬಿಟ್ಟಿದ್ದನ್ನು ಈ ಕೈ ಮನೆ ಕಂದಾಯದಲ್ಲಿ ಹಿಡಿಯುತ್ತದೆ.

"ಹಿಡಿಯಲಿ. ಈಗ ನಾನೂ ಸಿಟಿಜನ್. ಮೊದಲನೇ ವೋಟಿನಲ್ಲೇ ಇವನನ್ನು ಮನೆಗೆ ಕಳಿಸ್ತೀನಿ" ಅಂದ ಹಾಸನ.

"ಯಾರನ್ನ?" ಅಂದ ಧಾರವಾಡ.

ಹಾಸನ ಲಕೋಟೆಯನ್ನು ಹಿಂದೆ ಮುಂದೆ ತಿರುಗಿಸಿದ. ಅದರಲ್ಲಿ ಯಾರ ಹೆಸರೂ ಸರಿಯಾಗಿ ಕಾಣಲಿಲ್ಲ. "ಇದ್ದಾನಲ್ಲ, ಕೌಂಟಿಗೆಲ್ಲ, ಅಂದರೆ ಜಿಲ್ಲೆಗೆಲ್ಲ, ದೊಡ್ಡವನು. ಕೌಂಟಿ ಜಡ್ಜ್."

"ಜಡ್ಜ್‌ಗೂ ಮನಿ ತೆರಿಗಿಗೂ ಏನ್ ಸಂಬಂಧನೋ?"

"ಅವನು ಜಡ್ಜ್ ಅಲ್ಲ ಕಣೋ."

"ಜಡ್ಜ್ ಅಂತೀ, ಜಡ್ಜ್ ಅಲ್ಲ ಅಂತೀ. ಬಜ್ಜಿ ಜೊತಿ ಏನಾರ ತಗೊಂಡಿಯೇನು?"

ಪುತ್ತೂರು ಕಾಫಿ ಲೋಟ ಕೆಳಗಿಟ್ಟರು. ಅವರು ಲೋಟ ಕೆಳಗಿಟ್ಟರೆ ಪಾಠ ಶುರು ಅಂತಲೇ ಲೆಕ್ಕ. ಟೆಕ್ಸಾಸ್‌ನಲ್ಲಿ 254 ಕೌಂಟಿಗಳು. ಪ್ರತಿಯೊಂದಕ್ಕೂ ಜನ ಆರಿಸಿದ ಒಬ್ಬ ಕೌಂಟಿ ಜಡ್ಜ್. ಸಣ್ಣ ಕೌಂಟಿಗಳಲ್ಲಿ ಈಗಲೂ ಚಿಕ್ಕಪುಟ್ಟ ಕೇಸು ಕೇಳುತ್ತಾರೆ. ದೊಡ್ಡ ಕೌಂಟಿಗಳಲ್ಲಿ ಬಜೆಟ್, ರಸ್ತೆ, ಜೈಲು, ಪ್ರವಾಹ ಇವೇ ಕೆಲಸ. ಲಾ ಓದಿರಬೇಕು ಅಂತಲೂ ಇಲ್ಲ. ರಾಜ್ಯದ ಕಾನೂನು ಚೆನ್ನಾಗಿ ತಿಳಿದವರಾಗಿರಬೇಕು ಅಂತ 1876ರ ಸಂವಿಧಾನ ಹೇಳುತ್ತದೆ, ಅಷ್ಟೇ.

"ಚೆನ್ನಾಗಿ ತಿಳಿದವರು ಅಂತ ಯಾರು ಹೇಳಬೇಕು?"

"ಅವರೇ ಹೇಳಿಕೊಳ್ಳಬೇಕು."

"ಹಂಗಾದ್ರ ನಮ್ಮ ಮಾವ ನಿಲ್ಲಬಹುದು" ಅಂದ ಧಾರವಾಡ.

ಈ ಜಡ್ಜ್ ಜೊತೆ ನಾಲ್ಕು ಜನ ಕಮಿಷನರ್‌ಗಳು. ಐದೂ ಜನ ಸೇರಿ ಕೂತರೆ ಅದಕ್ಕೆ ಕಮಿಷನರ್ಸ್ ಕೋರ್ಟ್ ಅಂತ ಹೆಸರು. ಅದೂ ಕೋರ್ಟ್ ಅಲ್ಲ. ಆದರೆ ಹುದ್ದೆ ಸಣ್ಣದಲ್ಲ. ಅದೇ ವಾರ ಸ್ಯಾನ್ ಹಸಿಂಟೋ ನದಿ ಉಕ್ಕಿದಾಗ ಹ್ಯೂಸ್ಟನ್ ಇರುವ ಹ್ಯಾರಿಸ್ ಕೌಂಟಿಯಲ್ಲಿ ನದಿ ದಡದವರಿಗೆ ಮನೆ ಬಿಟ್ಟು ಹೊರಡಿ ಅಂತ ಟಿವಿಯಲ್ಲಿ ಹೇಳಿದ್ದು ಕೌಂಟಿ ಜಡ್ಜ್ ಲೀನಾ ಹಿಡಾಲ್ಗೊ. 2018ರಲ್ಲಿ ಗೆದ್ದಾಗ ಆಕೆಗೆ 27 ವರ್ಷ. 2020ರ ಜನಗಣತಿಯಲ್ಲಿ ಕೌಂಟಿಯ ಜನಸಂಖ್ಯೆ 47 ಲಕ್ಷ.

"27ಕ್ಕೆ ನಾನು ಡ್ರೈವಿಂಗ್ ಟೆಸ್ಟ್ ಎರಡು ಸಲ ಫೇಲಾಗಿದ್ದೆ" ಅಂದೆ. ಯಾರೂ ಸಮಾಧಾನ ಹೇಳಲಿಲ್ಲ.

"ಅದೇ 2018ರಲ್ಲಿ ಪಕ್ಕದ ಫೋರ್ಟ್ ಬೆಂಡ್ ಕೌಂಟಿಗೆ ಜಡ್ಜ್ ಆಗಿ ಗೆದ್ದವರು ಕೆ.ಪಿ. ಜಾರ್ಜ್. ಕೇರಳದವರು" ಅಂದರು ಪುತ್ತೂರು.

ಇಲ್ಲಿ ಎಲ್ಲರೂ ಒಂದು ನಿಟ್ಟುಸಿರು ಬಿಟ್ಟೆವು. ಆಗ ಇಲ್ಲೇ ಪಕ್ಕದ ಸ್ಟ್ಯಾಫರ್ಡ್ ಊರಿನ ಮೇಯರ್ ಮಲಯಾಳಿ, ಮಿಸೌರಿ ಸಿಟಿ ಅನ್ನುವ ಊರಿನ ಮೇಯರ್ ಮಲಯಾಳಿ, ಕೌಂಟಿ ಜಡ್ಜ್ ಮಲಯಾಳಿ. ನಾವು? ರಾಜ್ಯೋತ್ಸವದ ಊಟಕ್ಕೆ ಹೋಳಿಗೆಯೋ ಕಾಯಿ ಕಡುಬೋ ಅಂತ ಮೂರು ಮೀಟಿಂಗ್ ಮಾಡಿ ನಾಲ್ಕನೆಯದಕ್ಕೆ ಮುಂದೂಡಿದ್ದೆವು.

"ವಿಷಯಕ್ಕೆ ಬನ್ನಿ" ಅಂದ ಹಾಸನ. "ಜಡ್ಜ್ ನನ್ನ ಮನೆಗೆ ಬೆಲೆ ಕಟ್ಟಿದ್ದಾನಾ ಇಲ್ಲವಾ?"

"ಇಲ್ಲ."

"ಹಾಗಾದರೆ ಟ್ಯಾಕ್ಸ್ ಅಸೆಸರ್ ಕಲೆಕ್ಟರ್. ಹೆಸರಲ್ಲೇ ಇದೆ. ಅವನಿಗೂ ಎಲೆಕ್ಷನ್ ಇದೆ, ಈ ನವೆಂಬರ್‌ನಲ್ಲೇ."

"ಕಲೆಕ್ಟರ್ ಅಂದ್ರ ಡಿ.ಸಿ. ಸಾಹೇಬ್ರ?"

"ಅಲ್ಲ. ವಸೂಲಿ ಮಾಡುವವರು. ಬಿಲ್ ಕಳಿಸ್ತಾರೆ, ದುಡ್ಡು ತಗೊಳ್ತಾರೆ. ನಿಮ್ಮ ಕಾರಿನ ರಿಜಿಸ್ಟ್ರೇಷನ್ ಸ್ಟಿಕ್ಕರ್ ಕೊಡುವುದೂ ಅವರೇ. ಮನೆಗೆ ಬೆಲೆ ಕಟ್ಟುವುದು ಅವರಲ್ಲ."

"ಹೆಸರಲ್ಲಿ ಅಸೆಸರ್ ಅಂತ ಇದೆಯಲ್ಲ?"

"ಜಡ್ಜ್ ಹೆಸರಲ್ಲಿ ಜಡ್ಜ್ ಇರಲಿಲ್ವಾ?"

ಹಾಸನ ಒಂದು ಬಜ್ಜಿಯನ್ನು ನಡುವೆ ಮುರಿದು, ಮೆಣಸಿನಕಾಯಿ ಬೀಜವನ್ನೆಲ್ಲ ತಟ್ಟೆಯ ಅಂಚಿಗೆ ಒಂದೊಂದಾಗಿ ತೆಗೆದಿಟ್ಟ. ಸಿಟ್ಟು ಬಂದಾಗ ಅವನು ಹಾಗೆ ಮಾಡುತ್ತಾನೆ. ಧಾರವಾಡ ಅಷ್ಟರಲ್ಲಿ ಹಳೆಯ ಪ್ರಚಾರದ ಕಾಗದಗಳ ರಾಶಿ ಎಳೆದುಕೊಂಡು ಓದತೊಡಗಿದ್ದ. ಅವನಿಗೆ ವೋಟಿಲ್ಲ. ಗ್ರೀನ್ ಕಾರ್ಡ್ ಸರದಿಯಲ್ಲಿ ಕೂದಲು ಬೆಳ್ಳಗಾಗಿದೆ. ಕಂದಾಯ ಮಾತ್ರ ನಮ್ಮಷ್ಟೇ ಕಟ್ಟುತ್ತಾನೆ. ಅದಕ್ಕೇ ಇರಬೇಕು, ಎಲೆಕ್ಷನ್ ಬಗ್ಗೆ ನಮ್ಮೆಲ್ಲರಿಗಿಂತ ಅವನಿಗೆ ಆಸಕ್ತಿ ಜಾಸ್ತಿ.

"ಕೌಂಟಿ ಕ್ಲರ್ಕ್, ಡಿಸ್ಟ್ರಿಕ್ಟ್ ಕ್ಲರ್ಕ್. ಗುಮಾಸ್ತರಿಗೂ ಎಲೆಕ್ಷನ್ನಾ? ಕಾನ್ಸ್‌ಟೆಬಲ್! ಪೇದೆಗೂ ಎಲೆಕ್ಷನ್ನಾ?"

"ಆ ಪೇದೆಯ ಕೈಕೆಳಗೆ ಡೆಪ್ಯುಟಿಗಳು ಇರ್ತಾರೆ. ಶೆರಿಫ್ ಬೇರೆ, ಅವರಿಗೂ ಎಲೆಕ್ಷನ್. ನಿಮ್ಮನ್ನು ಸ್ಪೀಡಿಂಗ್‌ಗೆ ಹಿಡಿದು ಟಿಕೆಟ್ ಕೊಟ್ಟರೆ ಅದು ಹೋಗುವುದು ಜಸ್ಟಿಸ್ ಆಫ್ ದಿ ಪೀಸ್ ಹತ್ತಿರ. ಅವರಿಗೂ ಎಲೆಕ್ಷನ್. ಅವರು ಮದುವೆಯನ್ನೂ ಮಾಡಿಸ್ತಾರೆ."

"ದಂಡ ಹಾಕೋರೂ ಅವರ, ಲಗ್ನ ಮಾಡ್ಸೋರೂ ಅವರ. ಎರಡಕ್ಕೂ ಒಂದ ಕೌಂಟರ್ ಇಟ್ಟಾರ, ಶಾಣ್ಯಾರು!"

ಅಡಿಗೆಮನೆಯಿಂದ ಅತ್ತಿಗೆ ನಕ್ಕಿದ್ದು ಕೇಳಿಸಿತು.

ಮೊದಲೆಲ್ಲ ಟೆಕ್ಸಾಸ್‌ನಲ್ಲಿ ಒಂದೇ ಗುಂಡಿ ಒತ್ತಿದರೆ ಮೇಲಿನಿಂದ ಕೆಳಗಿನವರೆಗೆ ಒಂದೇ ಪಕ್ಷಕ್ಕೆ ವೋಟು ಬೀಳುತ್ತಿತ್ತು. 2020ರಿಂದ ಅದನ್ನು ತೆಗೆದುಹಾಕಿದರು. ಈಗ ಪುಟಗಟ್ಟಲೆ ಹೆಸರು, ಒಂದೊಂದಕ್ಕೂ ಒತ್ತಬೇಕು. ಅರ್ಧಕ್ಕೆ ಬರುವಷ್ಟರಲ್ಲಿ ನಾನು ಅಧ್ಯಕ್ಷರನ್ನು ಆರಿಸಲು ಬಂದಿದ್ದೆನೋ ಶಾನುಭೋಗರನ್ನೋ ಅಂತ ಮರೆತುಹೋಗುತ್ತದೆ.

"ಇನ್ನೊಂದು ಹುದ್ದೆ ಇತ್ತು" ಅಂದರು ಪುತ್ತೂರು, ಇಷ್ಟು ಹೊತ್ತು ಕಾಯ್ದಿರಿಸಿದ್ದ ತಿಂಡಿಯನ್ನು ಬಿಚ್ಚುವವರ ಹಾಗೆ. "ಇನ್‌ಸ್ಪೆಕ್ಟರ್ ಆಫ್ ಹೈಡ್ಸ್ ಆ್ಯಂಡ್ ಆ್ಯನಿಮಲ್ಸ್. ದನ, ಚರ್ಮ, ಅದರ ಮೇಲಿನ ಬರೆ ಗುರುತು ನೋಡುವವರು. ದನಗಳ್ಳರ ಕಾಲದ್ದು. ಸಂವಿಧಾನದಿಂದ ಅದನ್ನು ತೆಗೆಯಲು 2007ರಲ್ಲಿ ರಾಜ್ಯಕ್ಕೆ ರಾಜ್ಯವೇ ವೋಟು ಹಾಕಬೇಕಾಯಿತು."

"ಹುದ್ದೆ ತೆಗೆಯಲಿಕ್ಕೂ ಎಲೆಕ್ಷನ್ನಾ!"

"ಗ್ಯಾಲ್ವೆಸ್ಟನ್ ಕತೆ ಗೊತ್ತಿಲ್ವಾ? ಅಲ್ಲಿ ಕೌಂಟಿ ಖಜಾಂಚಿ ಹುದ್ದೆಗೆ ನಿಂತವರೊಬ್ಬರು, ನನ್ನನ್ನು ಗೆಲ್ಲಿಸಿ, ಈ ಹುದ್ದೆಯನ್ನೇ ತೆಗೆಸ್ತೇನೆ ಅಂತ ಪ್ರಚಾರ ಮಾಡಿದರು. 2022ರಲ್ಲಿ ಗೆದ್ದರು. ಹೋದ ನವೆಂಬರ್‌ನಲ್ಲಿ ಇಡೀ ಟೆಕ್ಸಾಸ್ ವೋಟು ಹಾಕಿ ತೆಗೆದೇಬಿಟ್ಟಿತು."

ಸ್ವಲ್ಪ ಹೊತ್ತು ಯಾರಿಗೂ ಮಾತು ಹೊರಡಲಿಲ್ಲ. ಮಾತು ಉಳಿಸಿಕೊಂಡು ಕೆಲಸ ಕಳೆದುಕೊಂಡ ರಾಜಕಾರಣಿಯನ್ನು ನಾವ್ಯಾರೂ ಕಂಡಿರಲಿಲ್ಲ.

"ನಮ್ಮ ಕಡೆ ನೋಡ್ರಿ" ಅಂದ ಧಾರವಾಡ. "ಜಿಲ್ಲಾ ಪಂಚಾಯ್ತಿ ಅವಧಿ 2021ರಾಗ ಮುಗೀತು. ಹೊಸ ಎಲೆಕ್ಷನ್ ಸುದ್ದಿನ ಇಲ್ಲ. ಇಲ್ಲಿ ದನದ ಚರ್ಮಕ್ಕೂ ಎಲೆಕ್ಷನ್, ಅಲ್ಲಿ ಜಿಲ್ಲಾಕ್ಕ ಜಿಲ್ಲಾನ ಖಾಲಿ."

"ಇಲ್ಲಿ ಲವಿಂಗ್ ಅಂತ ಒಂದು ಕೌಂಟಿ ಉಂಟು. 2020ರ ಜನಗಣತಿಯಲ್ಲಿ 64 ಜನ. ಅಲ್ಲಿಗೂ ಜಡ್ಜ್, ಕಮಿಷನರ್‌ಗಳು, ಶೆರಿಫ್, ಎಲ್ಲ ಉಂಟು."

"64 ಜನ ನಮ್ಮ ಮಗಳ ನಾಮಕರಣಕ್ಕ ಬಂದಿದ್ರು!"

ಹಾಸನ ಮೇಜು ಗುದ್ದಿದ. "ನನ್ನ ಮನೆಗೆ ಬೆಲೆ ಕಟ್ಟಿದವನು ಯಾರು?"

ಪುತ್ತೂರು ಬೆರಳು ಮಡಚಿದರು. ಬೆಲೆ ಕಟ್ಟುವುದು ಅಪ್ರೈಸಲ್ ಡಿಸ್ಟ್ರಿಕ್ಟ್ ಅನ್ನುವ ಸಂಸ್ಥೆ. ಅದರ ಮುಖ್ಯಸ್ಥ ಚೀಫ್ ಅಪ್ರೈಸರ್. ಅವರಿಗೆ ಎಲೆಕ್ಷನ್ ಇಲ್ಲ, ಬೋರ್ಡು ನೇಮಿಸುತ್ತದೆ. ತೆರಿಗೆಯ ದರ ಇಡುವವರು ಬೇರೆ. ಕೌಂಟಿಯ ಪಾಲಿಗೆ ಕಮಿಷನರ್ಸ್ ಕೋರ್ಟ್. ಆದರೆ ಅದು ಬಿಲ್ಲಿನಲ್ಲಿ ಒಂದು ಸಾಲು. ದೊಡ್ಡ ಪಾಲು ಸ್ಕೂಲ್ ಡಿಸ್ಟ್ರಿಕ್ಟ್‌ನದು. ಆಮೇಲೆ ಮಡ್.

"ಮಡಿ?"

"ಮಡಿ ಅಲ್ಲ, ಮಡ್. ಮುನಿಸಿಪಲ್ ಯುಟಿಲಿಟಿ ಡಿಸ್ಟ್ರಿಕ್ಟ್. ನಲ್ಲಿ ನೀರು, ಚರಂಡಿ."

"ನೀರಿನ ವಿಷಯ ಅಂದ್ರ ಮಡೀನ ಆತಲ್ಲ."

"ಅಂದರೆ" ಅಂದ ಹಾಸನ, ಕೋರ್ಟಿನಲ್ಲಿ ವಕೀಲರು ನಿಲ್ಲುವ ಹಾಗೆ ನಿಂತು, "ಪೇದೆಗೆ, ಗುಮಾಸ್ತನಿಗೆ, ಎಲ್ಲರಿಗೂ ನಾನು ವೋಟು ಹಾಕಬಹುದು. ಆದರೆ ನನ್ನ ಮನೆಗೆ ಬೆಲೆ ಕಟ್ಟುವ ಆ ಒಬ್ಬ ಮನುಷ್ಯನ ಮೇಲೆ ನನ್ನ ಕೈ ಹೋಗುವುದಿಲ್ಲ."

"ಪೂರ್ತಿ ಹಾಗೂ ಹೇಳುವ ಹಾಗಿಲ್ಲ. ಈ ವರ್ಷದಿಂದ ಹೊಸ ಕಾನೂನು. ಜನಸಂಖ್ಯೆ 75 ಸಾವಿರಕ್ಕೆ ಕಡಿಮೆಯಿಲ್ಲದ ಕೌಂಟಿಗಳಲ್ಲಿ ಆ ಬೋರ್ಡಿನ ಮೂರು ಜನರನ್ನು ಜನರೇ ಆರಿಸಬೇಕು. ಅವರಿಗೂ ನಿಮ್ಮ ಮನೆಯ ಬೆಲೆ ತಿದ್ದುವ ಹಕ್ಕಿಲ್ಲ. ಅದಕ್ಕೆ ಮೇ 15ರೊಳಗೆ ಪ್ರೊಟೆಸ್ಟ್, ಅಂದರೆ ತಕರಾರು ಅರ್ಜಿ, ಹಾಕಬೇಕು. ಆದರೆ ಚೀಫ್ ಅಪ್ರೈಸರನ್ನು ಇಡುವುದು, ತೆಗೆಯುವುದು ಆ ಬೋರ್ಡೇ."

"ಸಾಕು. ಅಷ್ಟು ಸಾಕು. ಯಾವಾಗ ಎಲೆಕ್ಷನ್? ನವೆಂಬರಾ?"

ಪುತ್ತೂರು ಉತ್ತರ ಹೇಳಲು ಬಾಯಿ ತೆರೆದವರು ಗೋಡೆಯ ಕ್ಯಾಲೆಂಡರ್ ನೋಡಿ ಹಾಗೆಯೇ ನಿಂತರು. ಎರಡು ಗಂಟೆಯಿಂದ ಪಾಠ ಹೇಳಿದ ಮೇಷ್ಟರ ಮುಖ ಬಜ್ಜಿ ಹಿಟ್ಟಿನ ಬಣ್ಣಕ್ಕೆ ತಿರುಗಿತು.

"ಮೇ ತಿಂಗಳ ಮೊದಲ ಶನಿವಾರ."

ಗಂಟೆ ಆರೂಕಾಲು. ಮತಗಟ್ಟೆ ಏಳಕ್ಕೆ ಮುಚ್ಚುತ್ತದೆ.

"ನೀವು ಹಾಕಿದಿರಾ?" ಅಂದೆ ಪುತ್ತೂರಿಗೆ. ಅವರು ಚಪ್ಪಲಿ ಹುಡುಕುತ್ತಿದ್ದರು.

ಅತ್ತಿಗೆ ಒಗ್ಗರಣೆ ಸೌಟು ಹಿಡಿದು ಬಾಗಿಲಲ್ಲಿ ನಿಂತರು. "ನಾನು ಮಂಗಳವಾರವೇ ಹಾಕಿ ಬಂದೆ. ಅರ್ಲಿ ವೋಟಿಂಗ್‌ನ ಕೊನೆಯ ದಿನ. ಫ್ರಿಜ್ ಮೇಲೆ ಸ್ಟಿಕ್ಕರ್ ಅಂಟಿಸಿದ್ದೆನಲ್ಲ, ನೋಡಲಿಲ್ವಾ?"

ನೋಡಿದ್ದೆವು. ಮಧ್ಯಾಹ್ನದಿಂದ ನೀರಿಗೆ, ಐಸಿಗೆ, ಚಟ್ನಿಗೆ ಹತ್ತು ಸಲ ಆ ಫ್ರಿಜ್ ಬಾಗಿಲು ತೆಗೆದಿದ್ದೆವು. ಬಾವುಟದ ಚಿತ್ರ ಇದ್ದ ಆ ಸಣ್ಣ ಸ್ಟಿಕ್ಕರ್ ಮಗುವಿಗೆ ಸ್ಕೂಲಿನಲ್ಲಿ ಕೊಟ್ಟದ್ದು ಅಂತ ಹಾಸನ ನಮಗೆಲ್ಲ ಹೇಳಿದ್ದ.

"ಯಾರ‍್ಯಾರಿಗೆ ಹಾಕಬೇಕೇ?" ಅಂದ ಹಾಸನ, ದನಿ ಇಳಿಸಿ.

"ನನ್ನನ್ನು ಕೇಳಬೇಡಿ. ಯಾರು ಯಾರು ನಿಂತಿದ್ದಾರೆ, ಏನು ಹೇಳ್ತಾರೆ ಅಂತ ಬರೆದಿಟ್ಟಿದ್ದೀನಿ, ಓದಿ ನೀವೇ ತೀರ್ಮಾನ ಮಾಡಿ. ಫೋನ್ ಒಳಗೆ ಬಿಡಲ್ಲ, ಚೀಟಿ ಇಟ್ಟುಕೊಳ್ಳಬಹುದು." ಡಬ್ಬಿಯ ಕೆಳಗಿನಿಂದ ಒಂದು ಚೀಟಿ ಎಳೆದು ಕೊಟ್ಟರು. ಹಾಸನ, ಪುತ್ತೂರು ಇಬ್ಬರೂ ಒಂದೇ ಕೊಡೆಯಲ್ಲಿ ಓಡಿದರು. ವೋಟಿಲ್ಲದ ಧಾರವಾಡ ಕಾರು ಓಡಿಸಿದ.

ಏಳೂವರೆಗೆ ಮೂವರೂ ನೆನೆದುಕೊಂಡು ವಾಪಸು ಬಂದರು. ಇಬ್ಬರ ಅಂಗಿಯ ಮೇಲೆ ಸ್ಟಿಕ್ಕರ್. ಹಾಸನ ಚೀಟಿಯನ್ನು ಮೇಜಿನ ಮೇಲಿಟ್ಟು, ಅತ್ತಿಗೆ ಕಡೆ ನೋಡದೆ ಹೇಳಿದ:

"ಈ ಇಂಗು ಅನ್ನೋ ಕ್ಯಾಂಡಿಡೇಟ್ ಯಾವ ಸಾಲಿನಲ್ಲೂ ಸಿಗಲಿಲ್ಲ ಕಣೇ. ಆಮೇಲೆ ಕೆಳಗೆ ನೋಡ್ತೀನಿ, ಹೆಸರುಬೇಳೆ ನಾಲ್ಕು ಪೌಂಡು ಅಂತ ಇತ್ತು."

"ಚೀಟಿ ತಿರುಗಿಸಲಿಲ್ವಾ?"

"ತಿರುಗಿಸಿದೆ. ಮಳೆಗೆ ಆ ಕಡೆಯ ಶಾಯಿ ಅಳಿಸಿಹೋಗಿತ್ತು."

"ಮತ್ತೆ ಯಾರಿಗೆ ಹಾಕಿದಿರಿ?"

ಹಾಸನ ಮಾತಾಡದೆ ಕೈಯಲ್ಲಿದ್ದ ಒದ್ದೆ ಚೀಲವನ್ನು ಮೇಜಿನ ಮೇಲಿಟ್ಟ. ಒಳಗೆ ನಾಲ್ಕು ಪೌಂಡು ಹೆಸರುಬೇಳೆ, ಒಂದು ಡಬ್ಬಿ ಇಂಗು.