ಅಜ್ಜನ ಮೆಟ್ರಿಕ್ ಸರ್ಟಿಫಿಕೇಟು, ಬಾಂಬೆಯ ಲೈಬ್ರರಿ ಕಟ್ಟಡ: ನಮ್ಮ ಜಿಲ್ಲೆಗೂ ಅದಕ್ಕೂ ಎಂತ ಸಂಬಂಧ?

ಕೋಡಿಬಾಗದವ:
ಕಾರವಾರದ ಮನೆ ಅಟ್ಟ ಕ್ಲೀನ್ ಮಾಡ್ತಿದ್ದಾಗ ಟ್ರಂಕಲ್ಲಿ ಅಜ್ಜನ ಮೆಟ್ರಿಕ್ ಸರ್ಟಿಫಿಕೇಟು ಸಿಕ್ತು. ಯೂನಿವರ್ಸಿಟಿ ಆಫ್ ಬಾಂಬೆ ಅಂತ ಇದೆ, ನಾಲ್ಕು ಮಡಿಕೆ ಮಾಡಿಟ್ಟಿದ್ರು, ಮಡಿಕೆ ಇದ್ದಲ್ಲೆಲ್ಲ ಕಾಗದ ಸವೆದು ಆಚೆ ಬದಿ ಬೆಳಕು ಕಾಣ್ತದೆ. "ನಮ್ಮ ಯೂನಿವರ್ಸಿಟಿ ಲೈಬ್ರರಿ ತಲೆ ಮೇಲೆ ಗಡಿಯಾರ ಉಂಟು" ಅಂತ ಅಜ್ಜ ಹೇಳ್ತಿದ್ರು, ನಾವು ನಗ್ತಿದ್ವಿ. ಹೋದ ತಿಂಗಳು ಮುಂಬೈಗೆ ಹೋದಾಗ ಓವಲ್ ಮೈದಾನದಿಂದ ರಾಜಾಬಾಯಿ ಟವರ್ ನೋಡಿದ್ಮೇಲೆ ಗೊತ್ತಾಯ್ತು, ಟವರ್ ಬುಡದಲ್ಲಿರೋದೇ ಆ ಲೈಬ್ರರಿ. ಇದನ್ನ ಕಟ್ಟಿಸಿದ್ದು ಯಾರು? ಕಾರವಾರದವರಿಗೆ ಬಾಂಬೆ ಯೂನಿವರ್ಸಿಟಿ ಎಂತಕ್ಕೆ?

ಹಳೇಬಂದರು:
ಎರಡನೇದಕ್ಕೆ ಮೊದಲು ಹೇಳ್ತೆ. ನಮ್ಮ ಉತ್ತರ ಕನ್ನಡ ಜಿಲ್ಲೆ ಮೊದಲು ಮದ್ರಾಸಿಗೆ ಸೇರಿತ್ತು, 1862ರಲ್ಲಿ ಬಾಂಬೆಗೆ ಕೊಟ್ರು. ಕಾರಣ ಹತ್ತಿ ಮಾರಾಯ್ರೆ! ಅಮೆರಿಕದಲ್ಲಿ ಅಂತರ್ಯುದ್ಧ ಶುರುವಾಗಿ ಇಂಗ್ಲೆಂಡಿನ ಗಿರಣಿಗಳಿಗೆ ಅಲ್ಲಿಂದ ಹತ್ತಿ ಬರೋದು ನಿಂತೋಯ್ತು, ಧಾರವಾಡ ಕಡೆ ಹತ್ತಿ ಇಳಿಸೋಕೆ ಕಾರವಾರ ಬಂದರು ಬೇಕಾಯ್ತು, ಬಂದರು ಒಂದು ಪ್ರಾಂತ್ಯದಲ್ಲಿ ಹತ್ತಿ ಇನ್ನೊಂದು ಪ್ರಾಂತ್ಯದಲ್ಲಿ ಇದ್ರೆ ಕೆಲಸ ಆಗ್ಲಿಕ್ಕಿಲ್ಲ ಅಂತ ಜಿಲ್ಲೆಯನ್ನೇ ಆಚೆ ಸೇರಿಸಿದ್ರು. ಜಿಲ್ಲೆ ಹೋದ ಹಾಗೆ ಮಕ್ಕಳ ಪರೀಕ್ಷೆನೂ ಬಾಂಬೆಗೆ ಹೋಯ್ತು.

ಈಗ ಕಟ್ಟಡ. ಅದಕ್ಕೆ ದುಡ್ಡು ಕೊಟ್ಟಿದ್ದು ಪ್ರೇಮಚಂದ್ ರಾಯಚಂದ್, ಅದೇ ಹತ್ತಿ ಕಾಲದಲ್ಲಿ ಬೆಳೆದ ಶೇರು ದಲ್ಲಾಳಿ. 1864ರಲ್ಲಿ ಲೈಬ್ರರಿಗೆ 2 ಲಕ್ಷ, ಟವರಿಗೆ ಬೇರೆ 2 ಲಕ್ಷ. ಟವರಿಗೆ ತಾಯಿ ರಾಜಾಬಾಯಿ ಹೆಸರು. ಮರುವರ್ಷ ಯುದ್ಧ ಮುಗೀತು, ಹತ್ತಿ ರೇಟು ಬಿತ್ತು, ಸಮುದ್ರ ತುಂಬಿಸಿ ಜಾಗ ಮಾಡೋ ಬ್ಯಾಕ್ ಬೇ ಕಂಪನಿಯ 5 ಸಾವಿರದ ಶೇರು 50 ಸಾವಿರದ ತನಕ ಏರಿದ್ದು ರದ್ದಿ ಆಯ್ತು, ಪ್ರೇಮಚಂದ್ ದಿವಾಳಿ. ದಾನದ ದುಡ್ಡು ಮೊದಲೇ ಕೊಟ್ಟಾಗಿತ್ತು, ಹಂಗಾಗಿ ಕಟ್ಟಡ ಬಚಾವು. 1869ರಲ್ಲಿ ಶುರು ಮಾಡಿ 1878ಕ್ಕೆ ಮುಗಿಸಿದ್ರು, ಎತ್ತರ 280 ಅಡಿ. ನಕ್ಷೆ ಮಾಡಿದ ಗಿಲ್ಬರ್ಟ್ ಸ್ಕಾಟ್ ಲಂಡನ್ನಲ್ಲೇ ಕೂತು ಮಾಡಿದ್ದು, ಇಂಡಿಯಾಕ್ಕೆ ಬರ್ಲೇ ಇಲ್ಲ.

ದೇವಿಮನೆ ತಿರುವು:
ಕುಮಟಾದವನಾಗಿ ಒಂದು ಮಾತು ಸೇರಿಸ್ತೆ, ಎಲ್ರೂ ಕಾರವಾರ ಕಾರವಾರ ಹೇಳಿ ನಮ್ಮನ್ನ ಮರೀತಾರೆ 😀 ಆಗ ಲಿವರ್‌ಪೂಲ್ ಪೇಟೆಯಲ್ಲಿ ಧಾರವಾಡದ ಹತ್ತಿಗೆ ಹೆಸರೇ ಕುಮಟಾ ಹತ್ತಿ, ಅವರ ಬಾಯಲ್ಲಿ "ಕಾಂಪ್ಟಾ". ಬೆಳೆಯೋದು ಘಟ್ಟದ ಮೇಲೆ, ಹೆಸರು ಬಂದರಿಂದು! ದೇವಿಮನೆ ಘಟ್ಟ ಇಳಿದು ಬಂದ ಹತ್ತಿ ಅಂಡಿಗೆ (ಮೂಟೆ) ಇಲ್ಲಿಂದ ಹಡಗೇರಿ ಬಾಂಬೆಗೆ ಹೋಗ್ತಿತ್ತು. ಆ ಲೈಬ್ರರಿಯ ಒಂದೆರಡು ಕಲ್ಲು ನಮ್ದೇ ಹೇಳಿ ನಾನು ಇಟ್ಕೊಂಡಿದ್ದೆ.

ಹಳೇಬಂದರು:
ಕಲ್ಲು ಮುಂಬೈ ಕುರ್ಲಾದ್ದು 😄 ಪ್ರೇಮಚಂದ್ ದುಡ್ಡಲ್ಲಿ ಕುಮಟಾ ಹತ್ತಿ ಪಾಲೆಷ್ಟು ಅಂತ ಲೆಕ್ಕ ಹಾಕೋಕೆ ಆಗೂದಿಲ್ಲ, ಗಾಳಿ ಮಾತ್ರ ಒಂದೇ ಬೀಸಿದ್ದು. ಗಾಳಿ ನಿಂತ ಮೇಲೆ ಅವರಿಗೆ ಟವರ್ ಉಳೀತು, ನಮಗೆ ಕಾರವಾರಕ್ಕೆ ಹತ್ತಿ ಇಳಿಸ್ತಿದ್ದ ಅರಬೈಲ್ ಘಟ್ಟದ ರಸ್ತೆ. 1888ರ ಹೊತ್ತಿಗೆ ಸದರ್ನ್ ಮರಾಠಾ ರೈಲು ಕ್ಯಾಸಲ್‌ರಾಕ್ ದಾಟಿ ಗೋವಾದ ಮರ್ಮಗೋವಾ ಬಂದರಿಗೆ ಹೋಯ್ತು, ಹತ್ತಿನೂ ಅದರ ಹಿಂದೇ ಹೋಯ್ತು, ಕಾರವಾರ ಕುಮಟಾ ಎರಡೂ ತಣ್ಣಗಾದ್ವು.

ಶಿರಸಿ ಪೇಟೆ:
ಇನ್ನೂ ಮಜಾ ಕೇಳಿ, ಆ ರೈಲ್ವೆಯ ಹೆಡ್ ಆಫೀಸು ಧಾರವಾಡದಲ್ಲಿತ್ತು, ಅದೇ ಕಟ್ಟಡ ಆಮೇಲೆ ಕರ್ನಾಟಕ ಕಾಲೇಜಿಗೆ ಸಿಕ್ತು. ಕಾಲೇಜು ಶುರುವಾಗಿದ್ದು 1917ರಲ್ಲಿ, ನಮ್ಮ ಜಿಲ್ಲೆ ಹುಡುಗ್ರು ಎಷ್ಟೋ ಜನ ಅಲ್ಲೇ ಓದಿದ್ದು. ನಮ್ಮ ಬಂದರು ಮುಳುಗಿಸಿದ ರೈಲಿನ ಆಫೀಸಲ್ಲಿ ಕೂತು ಬಾಂಬೆ ಯೂನಿವರ್ಸಿಟಿ ಪರೀಕ್ಷೆಗೆ ಓದೂದು! ಕರ್ನಾಟಕ ಯೂನಿವರ್ಸಿಟಿ ಆಗಿದ್ದು 1949ರಲ್ಲಿ, ಅದೂ ಮೊದಲು ಬಾಂಬೆಯಲ್ಲೇ ಇದ್ದು ಮರುವರ್ಷ ಧಾರವಾಡಕ್ಕೆ ಬಂದಿದ್ದು.

ಕೋಡಿಬಾಗದವ:
ಎಲ್ರಿಗೂ ಥ್ಯಾಂಕ್ಸ್. ಅಜ್ಜ ಆ ಲೈಬ್ರರಿ ಒಳಗೆ ಹೋಗಿದ್ರೋ, ಬರೀ ಗಡಿಯಾರದ ಸುದ್ದಿ ಕೇಳಿದ್ದೋ, ಕೇಳೋಣ ಅಂದ್ರೆ ಈಗ ಯಾರೂ ಇಲ್ಲ. ಸರ್ಟಿಫಿಕೇಟಿಗೆ ನಾಳೆ ಲ್ಯಾಮಿನೇಶನ್ ಮಾಡಿಸ್ತೆ.

ಶಿರಸಿ ಪೇಟೆ:
ಲ್ಯಾಮಿನೇಶನ್ ಬೇಡ ಮಾರಾಯಾ!! ಬಿಸಿಗೆ ಅಂಟಿದ ಪ್ಲಾಸ್ಟಿಕ್ ಮತ್ತೆ ಬಿಡಿಸ್ಲಿಕ್ಕೆ ಬರೂದಿಲ್ಲ. ಮೊದಲು ಸ್ಕ್ಯಾನ್ ಮಾಡ್ಸು, ಆಮೇಲೆ ಮಡಿಕೆ ಬಿಚ್ಚಿ ಆಸಿಡ್ ಇಲ್ಲದ ಕಾಗದದ ಮಧ್ಯ ಚಪ್ಪಟೆ ಇಡು. ಮಳೆಗಾಲದಲ್ಲಿ ಅಟ್ಟದ ಮೇಲಂತೂ ಇಡ್ಬೇಡ.