ಟಿವಿ ಕಾಮಿಡಿ ಶೋಗೆ ಬರೆಯೋದು: ಸ್ಕಿಟ್ ಯಾರಿಗೆ ಕೊಡಬೇಕು, ಎಷ್ಟುದ್ದ ಇರಬೇಕು?

ಹಾಸನದ ಹುಡುಗ:
ಹನ್ನೆರಡು ಸ್ಕಿಟ್ ರೆಡಿ ಇವೆ, ಒಂದೊಂದೂ 8 ಪುಟ. ಚಾನೆಲ್‌ಗೆ ಕಳಿಸೋದಾ, ಪ್ರೊಡಕ್ಷನ್ ಹೌಸ್‌ಗಾ? 8 ಪುಟ ಅಂದ್ರೆ 8 ನಿಮಿಷ ಆಗುತ್ತಾ? ಐಡಿಯಾ ಕದ್ದರೆ ಏನ್ ಮಾಡೋದು? ಗೊತ್ತಿರೋರು ಹೇಳಿ ಸಾರ್.

ಪ್ರಾಂಪ್ಟರ್:
ಚಾನೆಲ್‌ಗೆ ಮೇಲ್ ಹಾಕಿ ಕಾಯ್ತಾ ಕೂರಬೇಡಿ. ಚಾನೆಲ್‌ನೋರು ಸ್ಕ್ರಿಪ್ಟ್ ಓಕೆ ಮಾಡ್ತಾರೆ, ಆದ್ರೆ ಬರೆಯೋರನ್ನ ಗೊತ್ತು ಮಾಡೋದು ಹೆಚ್ಚಾಗಿ ಶೋ ಡೈರೆಕ್ಟರ್. ಮೊದಲು ಸಿಗೋದು ಸಹಾಯಕನ ಜಾಗ: ರಿಹರ್ಸಲ್‌ನಲ್ಲಿ ಬದಲಾದ ಮಾತನ್ನ ಪ್ರತಿಗೆ ಏರಿಸೋದು, ಪ್ರಾಂಪ್ಟ್ ಮಾಡೋದು (ಮರೆತ ಮಾತನ್ನ ಮರೆಯಿಂದ ಹೇಳಿಕೊಡೋದು), ಪ್ರಾಪರ್ಟಿ ಲಿಸ್ಟ್ ಅಂದ್ರೆ ಸ್ಕಿಟ್‌ಗೆ ಬೇಕಾದ ಸಾಮಾನಿನ ಪಟ್ಟಿ ಬರೆಯೋದು. ಬರೀ ಚಾಕರಿ ಅಂದ್ಕೋಬೇಡಿ. ಯಾವ ಮಾತು ಕಲಾವಿದರ ನಾಲಿಗೆಗೆ ಹತ್ತಲ್ಲ ಅಂತ ತಿಳಿಯೋದು ಅಲ್ಲೇ.

ಪುಟದ ಲೆಕ್ಕ ಬಿಡಿ. ಪುಟಕ್ಕೊಂದು ನಿಮಿಷ ಅನ್ನೋದು ಇಂಗ್ಲಿಷ್ ಸ್ಕ್ರಿಪ್ಟಿನ ಅಂದಾಜು. ಎಡಗಡೆ ಆಕ್ಷನ್, ಬಲಗಡೆ ಡೈಲಾಗ್ ಅಂತ ಕನ್ನಡದಲ್ಲಿ ಬರೆದಾಗ ಅದು ಹೊಂದಲ್ಲ. ಮೊಬೈಲ್‌ನಲ್ಲಿ ಸ್ಟಾಪ್‌ವಾಚ್ ಹಾಕಿ, ಎಲ್ಲಾ ಪಾತ್ರನೂ ನೀವೇ ಜೋರಾಗಿ ಓದಿ. 8 ನಿಮಿಷದ ಸ್ಕಿಟ್ಟು ಓದೋವಾಗ 6ಕ್ಕೇ ಮುಗೀಬೇಕು. ಮಿಕ್ಕ 2 ನಿಮಿಷ ನಗು, ಚಪ್ಪಾಳೆ, ಎಂಟ್ರಿ ತಿಂದುಹಾಕುತ್ತೆ. ಪೂರ್ತಿ 8 ಬರೆದು ಕೊಟ್ರೆ ಎಡಿಟ್‌ನಲ್ಲಿ ಕತ್ತರಿ ಬೀಳೋದು ಮಧ್ಯದ ಸೆಟಪ್‌ಗೆ (ಜೋಕಿಗೆ ಹಿನ್ನೆಲೆ ಕಟ್ಟೋ ಭಾಗ), ಆಮೇಲೆ ಕೊನೇ ಪಂಚ್‌ಗೆ ತಲೆಬುಡ ಇರಲ್ಲ.

ಗಾಂಧಿಬಜಾರ್ ಕಾಫಿ:
ಸ್ಕಿಟ್ಟನ್ನೇ ನೆಚ್ಚಿಕೊಂಡ್ರೆ ಎರಡು ಸೀಸನ್‌ಗೆ ಸರಕು ಖಾಲಿ. ಧಾರಾವಾಹಿ ಕಾಮಿಡಿನೂ ಕಲೀರಿ. ಅರ್ಧ ಗಂಟೆ ಸ್ಲಾಟ್‌ನಲ್ಲಿ ಬ್ರೇಕ್ ಕಳೆದು ನಿಮಗೆ ಸಿಗೋದು ಹತ್ತಿರಹತ್ತಿರ 22 ನಿಮಿಷ. ಅದೇ ಸೆಟ್, ಅದೇ ಐದಾರು ಜನ, ದಿನಾ ಹೊಸ ಪೇಚಾಟ. ಈಟಿವಿ ಕನ್ನಡದ 'ಸಿಲ್ಲಿ ಲಲ್ಲಿ'ಯಲ್ಲಿ ಡಾಕ್ಟರ್ ಮನೆ ಯಾಕೆ ಅಷ್ಟು ಕೆಲಸಕ್ಕೆ ಬಂತು ನೋಡಿ: ಕಾಯಿಲೆ ಅಂತ ಯಾರು ಬೇಕಾದ್ರೂ ಒಳಗೆ ಬರಬಹುದು, ಬಂದದ್ದಕ್ಕೆ ಕಾರಣ ಕಟ್ಟೋ ಗೋಜೇ ಇಲ್ಲ. ನಿಮ್ಮ ಕಥೆಗೂ ಅಂಥ ಬಾಗಿಲು ಬೇಕು.

ಇನ್ನೊಂದು, ಇದನ್ನ ಯಾರೂ ಹೇಳಿಕೊಡಲ್ಲ. ಕನ್ನಡ ವಾಕ್ಯ ಸಾಮಾನ್ಯವಾಗಿ ಕ್ರಿಯಾಪದದಲ್ಲಿ ಮುಗಿಯುತ್ತೆ, ನಗಿಸೋ ಪದ ಅದಕ್ಕೂ ಮುಂಚೆ ಸಿಕ್ಕಿಹಾಕಿಕೊಳ್ಳುತ್ತೆ. "ಸಂಕ್ರಾಂತಿಗೆ ಬಂದ ಅತ್ತೆ ಈಗ ಯುಗಾದಿ ಸೀರೆ ತರೋಕೆ ಹೊರಟಿದ್ದಾರೆ." ಜನ 'ಸೀರೆ'ಗೆ ನಕ್ಕರೆ 'ಹೊರಟಿದ್ದಾರೆ' ಕೇಳಿಸಲ್ಲ, ಕೇಳಿಸಿದ್ರೆ ನಗು ಅರ್ಧಕ್ಕೇ ನಿಲ್ಲುತ್ತೆ. ಒಡೆದು ಬರೀರಿ:

"ಸಂಕ್ರಾಂತಿಗೆ ಬಂದ ಅತ್ತೆ ಇವತ್ತು ಹೊರಟಿದ್ದಾರೆ."
"ಅಬ್ಬಾ! ಊರಿಗಾ?"
"ಯುಗಾದಿ ಸೀರೆಗೆ."

ಕರಾರು ಓದಿ ಸ್ವಾಮಿ:
ಕದಿಯೋ ವಿಷಯ. ಬರೀ ಐಡಿಯಾಗೆ ಕಾಪಿರೈಟ್ ಇಲ್ಲ, ಬರೆದ ರೂಪಕ್ಕೆ ಇದೆ, ಅದೂ ನೋಂದಣಿ ಇಲ್ಲದೇನೇ. ಆದರೂ ತಾರೀಖಿಗೆ ಸಾಕ್ಷಿ ಇರಲಿ ಅಂತ ಮುಂಬೈಯ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್‌ನಲ್ಲಿ ಸದಸ್ಯರಾಗಿ ಆನ್‌ಲೈನ್‌ನಲ್ಲೇ ಸ್ಕ್ರಿಪ್ಟ್ ನೋಂದಾಯಿಸಿ. ಆಮೇಲೆ ಮೇಲ್‌ನಲ್ಲೇ ಕಳಿಸಿ. ಬಾಯಲ್ಲಿ ಕಥೆ ಹೇಳಿ ಬಂದ್ರೆ ಕೈಯಲ್ಲಿ ಏನೂ ಉಳಿಯಲ್ಲ.

ಕರಾರಿನಲ್ಲಿ 'ಎಲ್ಲಾ ಹಕ್ಕು, ಶಾಶ್ವತವಾಗಿ' ಅನ್ನೋ ಸಾಲು ಹುಡುಕಿ. ಅವಧಿ ನಮೂದಿಸದಿದ್ರೆ ಕಾನೂನು ಪ್ರಕಾರ ಹಕ್ಕು ಸ್ಕ್ರಿಪ್ಟ್ ತಗೊಂಡೋರ ಹತ್ತಿರ ಇರೋದು 5 ವರ್ಷ, ಪ್ರದೇಶ ಬರೆಯದಿದ್ರೆ ಭಾರತಕ್ಕೆ ಮಾತ್ರ. ಅದಕ್ಕೇ ಅವೆರಡನ್ನೂ ಮರೆಯದೆ ತುಂಬಿಸಿರ್ತಾರೆ. ನೀವು ಕೇಳಿ ಬರೆಸಬೇಕಾದ್ದು: ಟೈಟಲ್ ಕಾರ್ಡ್‌ನಲ್ಲಿ ಹೆಸರು, ಎಷ್ಟು ಸಲ ತಿದ್ದಿ ಕೊಡಬೇಕು (ಎರಡು ಸಾಕು), ಎಪಿಸೋಡ್ ಪ್ರಸಾರ ಆಗದಿದ್ರೂ ದುಡ್ಡು. ಈ ಕೊನೇದನ್ನ ಬಿಟ್ರೆ 'ಟೆಲಿಕಾಸ್ಟ್ ಆದ್ಮೇಲೆ ಕೊಡ್ತೀವಿ' ಅಂತ ಅಲೆಸ್ತಾರೆ. ಪೇಮೆಂಟ್‌ನಲ್ಲಿ ಟಿಡಿಎಸ್ (ಕೊಡೋವಾಗಲೇ ಮುರಿದುಕೊಳ್ಳೋ ಆದಾಯ ತೆರಿಗೆ) ಶೇ. 10 ಹಿಡಿದ್ರೆ ಪ್ಯಾನ್‌ಗೆ ಜಮಾ ಆಗಿದೆಯಾ ನೋಡ್ಕೊಳ್ಳಿ.

ಹಾಸನದ ಹುಡುಗ:
ಥ್ಯಾಂಕ್ಸ್ ಸಾರ್. ಹಾಗಾದ್ರೆ ಹನ್ನೆರಡೂ ಒಟ್ಟಿಗೆ ಕಳಿಸ್ಲಾ?

ಪ್ರಾಂಪ್ಟರ್:
ಬೇಡ ಮಾರಾಯ್ರೆ, ಎರಡು ಸಾಕು. ನಾಲ್ಕು ಪಾತ್ರ ಮೀರದ್ದು, ಒಂದೇ ಸೆಟ್‌ನಲ್ಲಿ ಮುಗಿಯೋದು ಆರಿಸಿ. 'ನುಡಿ' ಅಥವಾ 'ಬರಹ' ಅನ್ನೋ ಕನ್ನಡ ಟೈಪಿಂಗ್ ಸಾಫ್ಟ್‌ವೇರ್‌ನ ಹಳೇ ಫಾಂಟ್‌ನಲ್ಲಿ ಟೈಪ್ ಮಾಡಿದ್ರೆ ಯೂನಿಕೋಡ್‌ಗೆ (ಎಲ್ಲಾ ಮೊಬೈಲ್‌ನಲ್ಲೂ ಕನ್ನಡವಾಗೇ ಕಾಣೋ ಅಕ್ಷರಕ್ಕೆ) ಬದಲಾಯಿಸಿ ಪಿಡಿಎಫ್ ಮಾಡಿ. ಇಲ್ಲಾಂದ್ರೆ ಡೈರೆಕ್ಟರ್ ಮೊಬೈಲ್‌ನಲ್ಲಿ ನಿಮ್ಮ ಅತ್ತೆ-ಸೊಸೆ ಜಗಳ ಎಲ್ಲಾ ಇಂಗ್ಲಿಷ್ ಅಕ್ಷರದ ಗೋಜಲಾಗಿ ಕಾಣುತ್ತೆ.